ಗಂಭೀರ ಲೈಂಗಿಕ ದೌರ್ಜನ್ಯ ಪ್ರಕರಣಗಳಲ್ಲಿ ಜಾಮೀನು: ನ್ಯಾಯಾಲಯ ಏನನ್ನು ತೂಗುತ್ತದೆ, ಹೇಗೆ ತೂಗುತ್ತದೆ

ಅತ್ಯಾಚಾರದ ಆರೋಪಿಗೆ ಜಾಮೀನು ಸಿಕ್ಕಿತೆಂಬ ಸುದ್ದಿ ಬಂದ ಕೂಡಲೇ ಒಂದು ಕಡೆಯವರು ಕೇಸು ಬಿದ್ದೇಹೋಯಿತೆಂದು ಕಂಗೆಡುತ್ತಾರೆ. ಇನ್ನೊಂದು ಕಡೆಯವರು ನಮ್ಮ ಹುಡುಗ ನಿರಪರಾಧಿಯೆಂದು ಕೋರ್ಟೇ ಹೇಳಿತೆಂದು ಹೇಳಿಕೊಂಡು ತಿರುಗುತ್ತಾರೆ. ಎರಡೂ ತಪ್ಪು ತಿಳಿವಳಿಕೆ. ಜಾಮೀನಿನ ಹಂತದಲ್ಲಿ ನ್ಯಾಯಾಧೀಶರು ಅಪರಾಧ ನಡೆಯಿತೋ ಇಲ್ಲವೋ ಎಂದು ತೀರ್ಮಾನಿಸುವುದಿಲ್ಲ. ಈ ವ್ಯಕ್ತಿ ಹೊರಗಿದ್ದರೆ ತನಿಖೆಯೂ ವಿಚಾರಣೆಯೂ ನೆಟ್ಟಗೆ ನಡೆಯುತ್ತವೆಯೇ, ದೂರು ಕೊಟ್ಟವಳು ಹೆದರಿಕೆಯಿಲ್ಲದೆ ಬಂದು ಸಾಕ್ಷಿ ಹೇಳಬಲ್ಲಳೇ ಎಂಬುದೇ ಅವರ ಮುಂದಿರುವ ಪ್ರಶ್ನೆ.

ಕರ್ನಾಟಕದ ಎರಡು ಪ್ರಕರಣಗಳನ್ನು ಅಕ್ಕಪಕ್ಕ ಇಟ್ಟು ನೋಡಿದರೆ ಇದು ಸ್ಪಷ್ಟವಾಗುತ್ತದೆ. ಹಾಸನದ ಮಾಜಿ ಸಂಸದ ಪ್ರಜ್ವಲ್ ರೇವಣ್ಣ ಅವರಿಗೆ 2024ರ ಅಕ್ಟೋಬರ್‌ನಲ್ಲಿ ಹೈಕೋರ್ಟ್ ಜಾಮೀನು ನಿರಾಕರಿಸಿತು, ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಕೂಡ ಮಧ್ಯಪ್ರವೇಶಿಸಲಿಲ್ಲ; 2025ರ ಆಗಸ್ಟ್‌ನಲ್ಲಿ ಬೆಂಗಳೂರಿನ ವಿಶೇಷ ನ್ಯಾಯಾಲಯ ಒಂದು ಪ್ರಕರಣದಲ್ಲಿ ಅವರಿಗೆ ಜೀವಾವಧಿ ಶಿಕ್ಷೆ ವಿಧಿಸಿತು. ಚಿತ್ರದುರ್ಗದ ಮುರುಘಾ ಮಠದ ಶಿವಮೂರ್ತಿ ಶರಣರಿಗೆ, ಮಕ್ಕಳನ್ನು ಲೈಂಗಿಕ ಅಪರಾಧಗಳಿಂದ ರಕ್ಷಿಸುವ ಪೋಕ್ಸೊ ಕಾಯ್ದೆಯ ಪ್ರಕರಣದಲ್ಲಿ 2023ರ ನವೆಂಬರ್‌ನಲ್ಲಿ ಹೈಕೋರ್ಟ್ ಜಾಮೀನು ಕೊಟ್ಟಿತು. 2024ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್ ಆ ಜಾಮೀನನ್ನು ತಡೆಹಿಡಿದು, ಮುಖ್ಯ ಸಾಕ್ಷಿಗಳ ವಿಚಾರಣೆ ಮುಗಿಯುವವರೆಗೆ ಅವರು ಬಂಧನದಲ್ಲಿರಬೇಕೆಂದಿತು. ಆ ಸಾಕ್ಷಿಗಳು ಹೇಳಿಕೆ ಕೊಟ್ಟ ಮೇಲೆ ಅವರು ಹೊರಬಂದರು. 2025ರ ನವೆಂಬರ್‌ನಲ್ಲಿ ವಿಚಾರಣಾ ನ್ಯಾಯಾಲಯ ಮೊದಲ ಪ್ರಕರಣದಲ್ಲಿ ಅವರನ್ನು ಖುಲಾಸೆಗೊಳಿಸಿತು. ಇಬ್ಬರೂ ಜಾಮೀನಿಲ್ಲದೆ ಜೈಲಿನಲ್ಲಿದ್ದವರೇ. ಅಂತಿಮ ತೀರ್ಪು ಮಾತ್ರ ಒಬ್ಬೊಬ್ಬರದು ಒಂದೊಂದು ದಿಕ್ಕಿಗೆ ಹೋಯಿತು.

ಈ ಬರಹ ಬೆಂಗಳೂರಿನ ನ್ಯಾಯಾಲಯಗಳಲ್ಲಿ ಜಾಮೀನು ಅರ್ಜಿಯ ಹಿಂದೆ ಅಥವಾ ಎದುರಿಗೆ ನಿಂತಿರುವ ಸಾಮಾನ್ಯರಿಗಾಗಿ. ದೂರುದಾರಳ ಮನೆಯವರಾಗಲಿ, ಆರೋಪಿಯ ಮನೆಯವರಾಗಲಿ, ಯಾವ ಹಂತದಲ್ಲಿ ಏನು ನಡೆಯುತ್ತಿದೆಯೆಂದು ಗೊತ್ತಿದ್ದರೆ ವಕೀಲರಿಗೆ ಕೇಳಬೇಕಾದ ಪ್ರಶ್ನೆಗಳು ತಾವಾಗಿಯೇ ಹೊಳೆಯುತ್ತವೆ.

ಮೊದಲ ಹಂತ: ಎಫ್‌ಐಆರ್‌ನಲ್ಲಿ ಯಾವ ಕಲಮುಗಳಿವೆ ಎಂದು ನೋಡಿ

ಜಾಮೀನಿನ ಹಾದಿಯನ್ನು ಬಹುಮಟ್ಟಿಗೆ ನಿರ್ಧರಿಸುವುದು ಕಲಮುಗಳು. 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆ ಜಾರಿಯಲ್ಲಿದೆ. ಅದಕ್ಕೆ ಮೊದಲು ನಡೆದ ಕೃತ್ಯಕ್ಕೆ ಹಳೆಯ ದಂಡ ಸಂಹಿತೆಯ 376 ಮತ್ತು ಅದರ ಕೂಸು ಕಲಮುಗಳೇ ಅನ್ವಯಿಸುತ್ತವೆ. ಹೊಸ ಸಂಹಿತೆಯಲ್ಲಿ 64ನೇ ಕಲಂ ಅತ್ಯಾಚಾರಕ್ಕೆ ಕನಿಷ್ಠ 10 ವರ್ಷದಿಂದ ಜೀವಾವಧಿಯವರೆಗೆ ಶಿಕ್ಷೆ ಹೇಳುತ್ತದೆ. 65ನೇ ಕಲಂ 16 ವರ್ಷದೊಳಗಿನ ಬಾಲಕಿಯ ಮೇಲಿನ ಅತ್ಯಾಚಾರಕ್ಕೆ ಕನಿಷ್ಠ 20 ವರ್ಷ, 12 ವರ್ಷದೊಳಗಿನವಳಾದರೆ ಮರಣದಂಡನೆಯವರೆಗೂ ಹೋಗುತ್ತದೆ. 70ನೇ ಕಲಂ ಸಾಮೂಹಿಕ ಅತ್ಯಾಚಾರಕ್ಕೆ ಸಂಬಂಧಿಸಿದ್ದು. ಅದರ 2ನೇ ಉಪಕಲಂ 18 ವರ್ಷದೊಳಗಿನವಳ ಮೇಲಿನ ಸಾಮೂಹಿಕ ಅತ್ಯಾಚಾರಕ್ಕೆ ಜೀವಾವಧಿ ಅಥವಾ ಮರಣದಂಡನೆ ವಿಧಿಸುತ್ತದೆ. ಮದುವೆಯಾಗುತ್ತೇನೆಂದು ನಂಬಿಸಿ ಲೈಂಗಿಕ ಸಂಪರ್ಕ ಬೆಳೆಸುವುದನ್ನು ಹೊಸ ಸಂಹಿತೆ ಅತ್ಯಾಚಾರದಿಂದ ಬೇರ್ಪಡಿಸಿ 69ನೇ ಕಲಮಿನಲ್ಲಿ ಇಟ್ಟಿದೆ. ಅಲ್ಲಿ ಶಿಕ್ಷೆ 10 ವರ್ಷದವರೆಗೆ ಮಾತ್ರ.

ಸಂತ್ರಸ್ತೆ 18 ತುಂಬದವಳಾದರೆ 2012ರ ಪೋಕ್ಸೊ ಕಾಯ್ದೆಯೂ ಸೇರಿಕೊಳ್ಳುತ್ತದೆ. 2019ರ ತಿದ್ದುಪಡಿಯ ನಂತರ ಅದರ 4ನೇ ಕಲಮಿನ ಕನಿಷ್ಠ ಶಿಕ್ಷೆ 10 ವರ್ಷ. ಮಗುವಿಗೆ 16 ತುಂಬಿಲ್ಲದಿದ್ದರೆ 20 ವರ್ಷ. ಪೊಲೀಸರು, ಶಿಕ್ಷಕರು, ಬಂಧುಗಳಂಥ ನಂಬಿಕೆಯ ಸ್ಥಾನದಲ್ಲಿದ್ದವರ ಕೃತ್ಯ 6ನೇ ಕಲಮಿಗೆ ಬರುತ್ತದೆ, ಅಲ್ಲಿಯೂ ಕನಿಷ್ಠ 20 ವರ್ಷ. ಸಂತ್ರಸ್ತೆ ಪರಿಶಿಷ್ಟ ಜಾತಿ ಅಥವಾ ಪಂಗಡಕ್ಕೆ ಸೇರಿದ್ದು, ದೌರ್ಜನ್ಯ ತಡೆ ಕಾಯ್ದೆಯೂ ಹಾಕಲ್ಪಟ್ಟಿದ್ದರೆ ನಿಯಮಗಳು ಮತ್ತೆ ಬೇರೆ: 18ನೇ ಕಲಂ ನಿರೀಕ್ಷಣಾ ಜಾಮೀನಿಗೆ (ಬಂಧನಕ್ಕೆ ಮೊದಲೇ ಕೇಳುವ ಜಾಮೀನಿಗೆ) ಅಡ್ಡ ಬರುತ್ತದೆ, ವಿಶೇಷ ನ್ಯಾಯಾಲಯದ ಜಾಮೀನು ಆದೇಶದ ಮೇಲೆ ಹೈಕೋರ್ಟಿಗೆ ಹೋಗಬೇಕಾದದ್ದು 14ಎ ಕಲಮಿನಡಿ ಮೇಲ್ಮನವಿಯಾಗಿ, ಮತ್ತು 15ಎ ಕಲಂ ಸಂತ್ರಸ್ತರಿಗೆ ನೋಟಿಸ್ ಕೊಡುವುದನ್ನೂ ಅವರ ಮಾತು ಕೇಳುವುದನ್ನೂ ಕಡ್ಡಾಯಗೊಳಿಸುತ್ತದೆ.

ಆದ್ದರಿಂದ ಎಫ್‌ಐಆರ್ ಪ್ರತಿ ಕೈಗೆ ಬಂದ ಮೇಲೆ ಕಲಮುಗಳ ಸಾಲನ್ನು ಬಿಟ್ಟು ಬರೀ ಕಥನವನ್ನು ಓದುತ್ತ ಕೂರುವುದು ಸಮಯ ವ್ಯರ್ಥ. ಸಂತ್ರಸ್ತೆಯ ವಯಸ್ಸಿಗೆ ಆಧಾರವೇನು, ಶಾಲಾ ದಾಖಲೆಯೋ ಜನನ ಪ್ರಮಾಣಪತ್ರವೋ ಎಂಬುದನ್ನೂ ಅಲ್ಲೇ ಗಮನಿಸಬೇಕು. ವಯಸ್ಸಿನಲ್ಲಿ ಒಂದೆರಡು ತಿಂಗಳ ವ್ಯತ್ಯಾಸ ಇಡೀ ಪ್ರಕರಣವನ್ನು ಒಂದು ಕಾಯ್ದೆಯಿಂದ ಇನ್ನೊಂದಕ್ಕೆ ಒಯ್ಯಬಲ್ಲದು.

ಎರಡನೇ ಹಂತ: ಯಾವ ಬಗೆಯ ಅರ್ಜಿ, ಯಾವ ನ್ಯಾಯಾಲಯ

ಬಂಧನಕ್ಕೆ ಮೊದಲು ಕೇಳುವುದು ನಿರೀಕ್ಷಣಾ ಜಾಮೀನು. ಅದು ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 482ನೇ ಕಲಂ. ಬಂಧನದ ನಂತರ ಸೆಷನ್ಸ್ ನ್ಯಾಯಾಲಯ ಅಥವಾ ಹೈಕೋರ್ಟಿನಲ್ಲಿ ಕೇಳುವುದು 483ನೇ ಕಲಂ. ಮ್ಯಾಜಿಸ್ಟ್ರೇಟರಿಗೆ 480ನೇ ಕಲಮಿನಡಿ ಅಧಿಕಾರವಿದೆಯಾದರೂ, ಮರಣದಂಡನೆ ಅಥವಾ ಜೀವಾವಧಿ ಶಿಕ್ಷೆಯ ಅಪರಾಧವೆಸಗಿದ್ದಾನೆಂದು ನಂಬಲು ಸಕಾರಣವಿರುವಲ್ಲಿ ಅವರ ಕೈ ಕಟ್ಟಿದಂತೆಯೇ. ಮಗು, ಮಹಿಳೆ, ರೋಗಿ, ಅಶಕ್ತರಿಗೆ ಅಲ್ಲಿ ವಿನಾಯಿತಿ ಇದೆ. ಹಾಗಾಗಿ 64ನೇ ಕಲಮಿನ ಪ್ರಕರಣದಲ್ಲಿ ನೃಪತುಂಗ ರಸ್ತೆಯ ಮ್ಯಾಜಿಸ್ಟ್ರೇಟ್ ನ್ಯಾಯಾಲಯ ಆರೋಪಿಯನ್ನು ಪೊಲೀಸ್ ಕಸ್ಟಡಿಗೋ ಪರಪ್ಪನ ಅಗ್ರಹಾರಕ್ಕೋ ಕಳಿಸುವ ಕೆಲಸ ಮಾಡುತ್ತದೆ. ಜಾಮೀನಿನ ನಿಜವಾದ ವಾದ ನಡೆಯುವುದು ಸಿಟಿ ಸಿವಿಲ್ ಮತ್ತು ಸೆಷನ್ಸ್ ನ್ಯಾಯಾಲಯದಲ್ಲಿ. ಪೋಕ್ಸೊ ಆದರೆ ವಿಶೇಷ ನ್ಯಾಯಾಲಯ. ಅಲ್ಲಿ ತಿರಸ್ಕೃತವಾದರೆ ಅಠಾರ ಕಚೇರಿಯ ಹೈಕೋರ್ಟ್, ಅಲ್ಲಿಂದ ದೆಹಲಿ.

ನಿರೀಕ್ಷಣಾ ಜಾಮೀನಿನ ವಿಷಯದಲ್ಲಿ ಒಂದು ಗೋಡೆಯಿದೆ. 482(4) ಪ್ರಕಾರ ನ್ಯಾಯ ಸಂಹಿತೆಯ 65ನೇ ಕಲಂ ಮತ್ತು 70(2) ಕಲಮಿನ ಆರೋಪಿಗಳಿಗೆ ಅದು ಸಿಗುವಂತಿಲ್ಲ. ಈ ನಿರ್ಬಂಧ ಮೊದಲು ಬಂದದ್ದು 2018ರ ತಿದ್ದುಪಡಿಯಲ್ಲಿ. ವಯಸ್ಕ ಮಹಿಳೆಯ ದೂರಿನ ಮೇಲೆ 64 ಅಥವಾ 69ನೇ ಕಲಂ ಹಾಕಿದ್ದರೆ ಕಾನೂನಿನ ಅಡ್ಡಿಯಿಲ್ಲ, ಆದರೆ ನ್ಯಾಯಾಲಯಗಳು ಕೈಬಿಚ್ಚಿ ಕೊಡುವುದೂ ಇಲ್ಲ. ಆರೋಪಿಯ ವೈದ್ಯಕೀಯ ಪರೀಕ್ಷೆ, ಮೊಬೈಲ್ ಜಪ್ತಿ, ಸ್ಥಳ ಮಹಜರು ಬಾಕಿಯಿರುವಾಗ ಸರ್ಕಾರಿ ಅಭಿಯೋಜಕರು ಬಂಧನದಲ್ಲಿಟ್ಟು ವಿಚಾರಿಸುವ ಅಗತ್ಯವನ್ನು ಮುಂದಿಡುತ್ತಾರೆ, ಬಹಳ ಸಲ ಆ ಒಂದೇ ವಾದ ಅರ್ಜಿಯನ್ನು ಕೆಡವಲು ಸಾಕಾಗುತ್ತದೆ.

ಮೂರನೇ ಹಂತ: ದಿನಗಳ ಲೆಕ್ಕ

ಬಹಳ ಜನ ಎರಡು ಗಡುವುಗಳನ್ನು ಬೆರೆಸಿಕೊಳ್ಳುತ್ತಾರೆ. ಅತ್ಯಾಚಾರ ಮತ್ತು ಪೋಕ್ಸೊ ಕಾಯ್ದೆಯ 4, 6, 8, 10ನೇ ಕಲಮುಗಳ ತನಿಖೆಯನ್ನು ಎರಡು ತಿಂಗಳಲ್ಲಿ ಮುಗಿಸಬೇಕೆಂದು ನಾಗರಿಕ ಸುರಕ್ಷಾ ಸಂಹಿತೆಯ 193ನೇ ಕಲಂ ಹೇಳುತ್ತದೆ. ಆ ಗಡುವು ಮೀರಿತೆಂದು ಆರೋಪಿಗೆ ಜಾಮೀನು ಸಿಗುವುದಿಲ್ಲ. ಜಾಮೀನಿಗೆ ಸಂಬಂಧಿಸಿದ ಗಡುವು 187(3) ಕಲಮಿನದು. ಮರಣದಂಡನೆ, ಜೀವಾವಧಿ ಅಥವಾ 10 ವರ್ಷ ಮತ್ತು ಅದಕ್ಕಿಂತ ಹೆಚ್ಚಿನ ಶಿಕ್ಷೆಯ ಅಪರಾಧಗಳಲ್ಲಿ 90 ದಿನ, ಉಳಿದವುಗಳಲ್ಲಿ 60 ದಿನ. ಅಷ್ಟರೊಳಗೆ ದೋಷಾರೋಪ ಪಟ್ಟಿ ಸಲ್ಲಿಕೆಯಾಗದಿದ್ದರೆ, ಅಪರಾಧ ಎಷ್ಟೇ ಘೋರವಾಗಿರಲಿ, ಕೇಳಿದ ಆರೋಪಿಗೆ ಜಾಮೀನು ಕೊಡಲೇಬೇಕು. ಇಲ್ಲಿ ತೂಗುವ ಪ್ರಶ್ನೆಯೇ ಇಲ್ಲ. ಮೊದಲ ರಿಮ್ಯಾಂಡಿನ ದಿನವೂ (ಮ್ಯಾಜಿಸ್ಟ್ರೇಟರು ಮೊದಲ ಸಲ ಕಸ್ಟಡಿಗೆ ಕಳಿಸಿದ ದಿನ) ಲೆಕ್ಕಕ್ಕೆ ಸೇರುತ್ತದೆಂದು 2023ರಲ್ಲಿ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ಹೇಳಿದೆ. ಆದರೆ ಅರ್ಜಿ ಹಾಕುವ ಮೊದಲೇ ಪೊಲೀಸರು ಪಟ್ಟಿ ಸಲ್ಲಿಸಿಬಿಟ್ಟರೆ ಆ ಹಕ್ಕು ಕೈತಪ್ಪುತ್ತದೆ.

ಸಂತ್ರಸ್ತೆಯ ಕಡೆಯವರಿಗೂ ಈ ಲೆಕ್ಕ ಗೊತ್ತಿರಲೇಬೇಕು. 75ನೇ ದಿನದ ಹೊತ್ತಿಗೂ ತನಿಖೆ ಮುಗಿಯದಿದ್ದರೆ ತನಿಖಾಧಿಕಾರಿಗೆ ಲಿಖಿತವಾಗಿ ನೆನಪಿಸಿ, ಮೇಲಧಿಕಾರಿಗೆ ಪ್ರತಿ ಕಳಿಸಿ. ಮಡಿವಾಳದ ವಿಧಿವಿಜ್ಞಾನ ಪ್ರಯೋಗಾಲಯದ ವರದಿ ಬಂದಿಲ್ಲವೆಂಬುದು ಪಟ್ಟಿ ತಡೆಹಿಡಿಯಲು ಕಾರಣವಾಗಬೇಕಿಲ್ಲ. ಅದನ್ನು ಹೆಚ್ಚುವರಿಯಾಗಿ ಆಮೇಲೆ ಸಲ್ಲಿಸಬಹುದು. ತನಿಖೆಯ ಪ್ರಗತಿಯನ್ನು 90 ದಿನಗಳೊಳಗೆ ದೂರುದಾರರಿಗೆ ಅಥವಾ ಸಂತ್ರಸ್ತರಿಗೆ ತಿಳಿಸುವ ಹೊಣೆಯನ್ನು ನಾಗರಿಕ ಸುರಕ್ಷಾ ಸಂಹಿತೆ ಪೊಲೀಸರ ಮೇಲೆ ಹೊರಿಸಿದೆ.

ಅರ್ಧ ಶಿಕ್ಷೆಯಷ್ಟು, ಅಥವಾ ಮೊದಲ ಸಲದ ಆರೋಪಿಯಾದರೆ ಮೂರನೇ ಒಂದರಷ್ಟು ಕಾಲ ಜೈಲಿನಲ್ಲಿ ಕಳೆದ ವಿಚಾರಣಾಧೀನ ಕೈದಿಯನ್ನು ಬಿಡಬೇಕೆನ್ನುವ 479ನೇ ಕಲಂ ಅತ್ಯಾಚಾರದ ಆರೋಪದಲ್ಲಿ ನೆರವಿಗೆ ಬರುವುದಿಲ್ಲ. ಜೀವಾವಧಿ ಅಥವಾ ಮರಣದಂಡನೆ ಇರುವ ಅಪರಾಧಗಳನ್ನು ಅದು ಹೊರಗಿಟ್ಟಿದೆ.

ನಾಲ್ಕನೇ ಹಂತ: ನ್ಯಾಯಾಧೀಶರ ಮೇಜಿನ ಮೇಲಿರುವ ಕಾಗದಗಳು

ಜಾಮೀನು ಅರ್ಜಿಯ ವಿಚಾರಣೆಯಲ್ಲಿ ಸಾಕ್ಷಿಗಳನ್ನು ಕರೆಸುವುದಿಲ್ಲ, ಪಾಟಿ ಸವಾಲಿಲ್ಲ. ಕಾಗದಗಳ ಮೇಲೆಯೇ ವಾದ. ಮುಖ್ಯವಾದವು ಇಷ್ಟು: ದೂರು, ಸಂತ್ರಸ್ತೆ ಮ್ಯಾಜಿಸ್ಟ್ರೇಟರ ಮುಂದೆ ನಾಗರಿಕ ಸುರಕ್ಷಾ ಸಂಹಿತೆಯ 183ನೇ ಕಲಮಿನಡಿ ಕೊಟ್ಟ ಹೇಳಿಕೆ, ವೈದ್ಯಕೀಯ ವರದಿ, ಮಹಜರುಗಳು, ಕರೆ ವಿವರಗಳು ಮತ್ತು ಸಂದೇಶಗಳು, ಕೇಸ್ ಡೈರಿ, ಸರ್ಕಾರಿ ಅಭಿಯೋಜಕರ ಆಕ್ಷೇಪಣೆ.

ಇವುಗಳಲ್ಲಿ ಹೆಚ್ಚು ತೂಕ 183ನೇ ಕಲಮಿನ ಹೇಳಿಕೆಗೆ. ಅದನ್ನು ಸಾಧ್ಯವಾದಷ್ಟೂ ಮಹಿಳಾ ಮ್ಯಾಜಿಸ್ಟ್ರೇಟರೇ ದಾಖಲಿಸಬೇಕು. ದೂರಿನಲ್ಲಿ ಹೇಳಿದ್ದಕ್ಕೂ ಇಲ್ಲಿ ಹೇಳಿದ್ದಕ್ಕೂ ಮೂಲ ವಿಷಯದಲ್ಲಿ ಹೊಂದಿಕೆಯಿದ್ದರೆ ಜಾಮೀನು ಕಷ್ಟ. ಇಲ್ಲಿ ಆರೋಪವನ್ನೇ ಕೈಬಿಟ್ಟಿದ್ದರೆ ಆರೋಪಿಯ ವಕೀಲರಿಗೆ ಅದೇ ದೊಡ್ಡ ಆಧಾರ. ದಿನಾಂಕ, ಗಂಟೆ, ಕೋಣೆಯ ಬಣ್ಣದಂಥ ವ್ಯತ್ಯಾಸಗಳಿಗೆ ಈ ಹಂತದಲ್ಲಿ ಬೆಲೆ ಕೊಡಬಾರದು. ಅವನ್ನು ಪರೀಕ್ಷಿಸುವ ಜಾಗ ಪಾಟಿ ಸವಾಲು.

ವೈದ್ಯಕೀಯ ವರದಿಯ ಬಗ್ಗೆ ಹಳೆಯ ಭ್ರಮೆಗಳು ಇನ್ನೂ ಹೋಗಿಲ್ಲ. 184ನೇ ಕಲಮಿನ ಪ್ರಕಾರ ವೈದ್ಯರು ಏಳು ದಿನಗಳೊಳಗೆ ವರದಿಯನ್ನು ತನಿಖಾಧಿಕಾರಿಗೆ ಕಳಿಸಬೇಕು. ಗಾಯವಿಲ್ಲವೆಂದರೆ ಸಮ್ಮತಿಯಿತ್ತೆಂದು ಅರ್ಥವಲ್ಲ. ದೈಹಿಕವಾಗಿ ಪ್ರತಿರೋಧಿಸಲಿಲ್ಲವೆಂಬ ಒಂದೇ ಕಾರಣಕ್ಕೆ ಸಮ್ಮತಿಯೆಂದು ಭಾವಿಸಬಾರದೆಂದು ನ್ಯಾಯ ಸಂಹಿತೆಯ 63ನೇ ಕಲಮಿನ ವಿವರಣೆಯಲ್ಲೇ ಇದೆ. ಎರಡು ಬೆರಳಿನ ಪರೀಕ್ಷೆಯನ್ನು ಸುಪ್ರೀಂ ಕೋರ್ಟ್ 2013ರಲ್ಲೇ ಖಂಡಿಸಿತ್ತು, 2022ರಲ್ಲಿ ಅದನ್ನು ನಡೆಸುವವರು ದುರ್ವರ್ತನೆಯ ತಪ್ಪಿತಸ್ಥರೆಂದು ಹೇಳಿತು. ಸಂತ್ರಸ್ತೆಯ ಹಿಂದಿನ ಲೈಂಗಿಕ ಜೀವನ ಸಮ್ಮತಿಯ ಪ್ರಶ್ನೆಗೆ ಪ್ರಸ್ತುತವಲ್ಲವೆಂದು ಭಾರತೀಯ ಸಾಕ್ಷ್ಯ ಅಧಿನಿಯಮದ 48ನೇ ಕಲಂ ಹೇಳುತ್ತದೆ. ಇಷ್ಟಾದರೂ ಜಾಮೀನು ಅರ್ಜಿಗಳಲ್ಲಿ ಇಂಥ ವಾಕ್ಯಗಳು ನುಸುಳುವುದುಂಟು. ಕಂಡಲ್ಲಿ ಸರ್ಕಾರಿ ಅಭಿಯೋಜಕರ ಗಮನಕ್ಕೆ ತನ್ನಿ.

ದೂರು ತಡವಾದದ್ದು ಇನ್ನೊಂದು ವಿಷಯ. ಲೈಂಗಿಕ ಅಪರಾಧಗಳಲ್ಲಿ ಮನೆಯ ಮರ್ಯಾದೆ, ಹೆದರಿಕೆ, ಆಘಾತದಿಂದ ವಿಳಂಬ ಸಹಜವೆಂದು 1996ರ ಗುರ್ಮೀತ್ ಸಿಂಗ್ ಪ್ರಕರಣದಿಂದಲೂ ಸುಪ್ರೀಂ ಕೋರ್ಟ್ ಹೇಳುತ್ತಾ ಬಂದಿದೆ. ಆದರೂ ಜಾಮೀನಿನ ಹಂತದಲ್ಲಿ ಕಾರಣ ಹೇಳದ ದೀರ್ಘ ವಿಳಂಬ ಆರೋಪಿಗೆ ಅನುಕೂಲವಾಗುತ್ತದೆಂಬುದು ವಾಸ್ತವ. ಆದ್ದರಿಂದ ತಡವಾದದ್ದೇಕೆ ಎಂಬುದನ್ನು ದೂರಿನಲ್ಲಿಯೇ ನಾಲ್ಕು ಸಾಲಿನಲ್ಲಿ ಬರೆಸುವುದು ಒಳ್ಳೆಯದು.

ಐದನೇ ಹಂತ: ತೂಗುವ ಬಗೆ

2010ರ ಪ್ರಶಾಂತ ಕುಮಾರ್ ಸರ್ಕಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ ಅಂಶಗಳನ್ನು ಇಂದಿಗೂ ಹೆಚ್ಚಿನ ಆದೇಶಗಳು ಉದ್ಧರಿಸುತ್ತವೆ: ಆರೋಪಿ ಅಪರಾಧವೆಸಗಿದ್ದಾನೆಂದು ನಂಬಲು ಮೇಲ್ನೋಟಕ್ಕೆ ಆಧಾರವಿದೆಯೇ, ಆರೋಪದ ಸ್ವರೂಪ ಮತ್ತು ಗಾಂಭೀರ್ಯ, ಆಗಬಹುದಾದ ಶಿಕ್ಷೆ, ತಲೆತಪ್ಪಿಸಿಕೊಳ್ಳುವ ಅಪಾಯ, ಆರೋಪಿಯ ನಡತೆ ಮತ್ತು ಸ್ಥಾನಮಾನ, ಅಪರಾಧ ಮರುಕಳಿಸುವ ಸಂಭವ, ಸಾಕ್ಷಿಗಳ ಮೇಲೆ ಪ್ರಭಾವ ಬೀರುವ ಭಯ. ಪಟ್ಟಿ ಓದಿದರೆ ಎಲ್ಲವೂ ಸಮತೂಕದವು ಎನ್ನಿಸುತ್ತದೆ. ಲೈಂಗಿಕ ಅಪರಾಧಗಳಲ್ಲಿ ಹಾಗಲ್ಲ. ಇಲ್ಲಿ ಬಹುಪಾಲು ಪ್ರಕರಣಗಳು ಒಬ್ಬಳೇ ವ್ಯಕ್ತಿಯ ಮಾತಿನ ಮೇಲೆ ನಿಂತಿರುತ್ತವೆ, ಆಕೆಯ ಬಾಯಿ ಮುಚ್ಚಿಸಿದರೆ ಕೇಸೇ ಇಲ್ಲ. ಹಾಗಾಗಿ ಆರೋಪಿ ಆಕೆಗೆ ಯಾರು, ಆಕೆಯಿಂದ ಎಷ್ಟು ದೂರದಲ್ಲಿದ್ದಾನೆ, ಆಕೆಯ ಅನ್ನ, ಓದು, ಬಾಡಿಗೆ, ಕೆಲಸ ಅವನ ಕೈಯಲ್ಲಿವೆಯೇ ಎಂಬುದೇ ನನ್ನ ಅಭಿಪ್ರಾಯದಲ್ಲಿ ನಿರ್ಣಾಯಕ ಪ್ರಶ್ನೆ. ಒಂದೇ ವಠಾರದಲ್ಲಿ ವಾಸಿಸುವ ಮಲತಂದೆಗೂ ಒಮ್ಮೆ ಭೇಟಿಯಾದ ಅಪರಿಚಿತನಿಗೂ ಕಲಂ ಒಂದೇ ಇರಬಹುದು, ಅಪಾಯ ಒಂದೇ ಅಲ್ಲ.

2016ರಲ್ಲಿ ಬಿಹಾರದ ಶಾಸಕ ರಾಜಬಲ್ಲಭ್ ಪ್ರಸಾದ್ ಅವರಿಗೆ ಪಟ್ನಾ ಹೈಕೋರ್ಟ್ ಕೊಟ್ಟಿದ್ದ ಜಾಮೀನನ್ನು ಸುಪ್ರೀಂ ಕೋರ್ಟ್ ರದ್ದುಪಡಿಸಿದಾಗ ನೋಡಿದ್ದು ಇದನ್ನೇ: ಅಪ್ರಾಪ್ತ ಸಂತ್ರಸ್ತೆ ಭಯವಿಲ್ಲದೆ ಸಾಕ್ಷ್ಯ ನುಡಿಯುವಂತಾಗಬೇಕು, ಅದಿಲ್ಲದೆ ನ್ಯಾಯಯುತ ವಿಚಾರಣೆಯಿಲ್ಲ. ಮುರುಘಾ ಮಠದ ಪ್ರಕರಣದ ಆದೇಶವೂ ಇದೇ ಜಾಡಿನದು.

ಪೋಕ್ಸೊ ಪ್ರಕರಣದಲ್ಲಿ 29ನೇ ಕಲಂ ಆರೋಪಿ ತಪ್ಪಿತಸ್ಥನೆಂಬ ಪೂರ್ವಭಾವನೆಯನ್ನು ತರುತ್ತದೆ. ಜಾಮೀನಿಗೆ ಇದು ಎಷ್ಟು ಅನ್ವಯಿಸುತ್ತದೆ? ದೆಹಲಿ ಹೈಕೋರ್ಟ್ 2020ರ ಸೆಪ್ಟೆಂಬರ್‌ನ ಒಂದು ಆದೇಶದಲ್ಲಿ ಆರೋಪ ನಿಗದಿಯಾದ ನಂತರವೇ ಅದರ ಪೂರ್ಣ ತೂಕವೆಂದು ವಿವರಿಸಿ, ಸಂತ್ರಸ್ತೆಯ ಎಳೆತನ, ಇಬ್ಬರ ವಯಸ್ಸಿನ ಅಂತರ, ಸಂಬಂಧ, ಬೆದರಿಕೆ ಅಥವಾ ಹಿಂಸೆ, ಕೃತ್ಯದ ನಂತರದ ನಡವಳಿಕೆ ಇವೇ ಮೊದಲಾದವನ್ನು ನೋಡಬೇಕೆಂದಿತು. ಕರ್ನಾಟಕದ ನ್ಯಾಯಾಲಯಗಳಿಗೆ ಅದು ಕಡ್ಡಾಯವಲ್ಲ, ವಾದಕ್ಕೆ ಉಪಯುಕ್ತ. ಹದಿನೇಳರ ಹುಡುಗಿ, ಹತ್ತೊಂಬತ್ತರ ಹುಡುಗ, ಇಬ್ಬರೂ ಮನೆಬಿಟ್ಟು ಹೋಗಿದ್ದಾರೆ, ಹುಡುಗಿಯ ತಂದೆ ದೂರು ಕೊಟ್ಟಿದ್ದಾರೆ: ಇಂಥ ಪ್ರಕರಣಗಳು ಬೆಂಗಳೂರಿನಲ್ಲೂ ಸಾಕಷ್ಟಿವೆ, ಅವುಗಳಲ್ಲಿ ಜಾಮೀನು ಸಿಗುವುದು ಅಪರೂಪವಲ್ಲ. ನಮ್ಮ ಹೈಕೋರ್ಟಿನ ಧಾರವಾಡ ಪೀಠ 2022ರಲ್ಲಿ ಸಮ್ಮತಿಯ ವಯಸ್ಸಿನ ಬಗ್ಗೆ ಕಾನೂನು ಆಯೋಗ ಮರುಚಿಂತಿಸಬೇಕೆಂದಿತ್ತು. ಆಯೋಗ 2023ರ ವರದಿಯಲ್ಲಿ ವಯಸ್ಸನ್ನು ಇಳಿಸುವುದು ಬೇಡವೆಂದಿತು. ಹಾಗಾಗಿ ಸಮ್ಮತಿ ಅಪರಾಧವನ್ನು ಅಳಿಸುವುದಿಲ್ಲ, ಜಾಮೀನಿನ ತಕ್ಕಡಿಯಲ್ಲಿ ಮಾತ್ರ ಅದಕ್ಕೆ ತೂಕವಿದೆ.

ಮದುವೆಯ ಮಾತು ಕೊಟ್ಟು ವಂಚಿಸಿದ ಆರೋಪದಲ್ಲಿ ನ್ಯಾಯಾಲಯ ಕೇಳುವುದು: ಮಾತು ಕೊಟ್ಟ ದಿನವೇ ಅದು ಸುಳ್ಳಾಗಿತ್ತೇ, ಅಥವಾ ನಿಜವಾಗಿದ್ದ ಮಾತು ಆಮೇಲೆ ಮುರಿಯಿತೇ? 2019ರ ಪ್ರಮೋದ್ ಪವಾರ್ ತೀರ್ಪಿನ ಈ ಭೇದ ಜಾಮೀನು ಆದೇಶಗಳಲ್ಲಿ ಹಾಸುಹೊಕ್ಕಾಗಿದೆ. ವರ್ಷಗಳ ಕಾಲದ ಸಂಬಂಧ, ಎರಡೂ ಮನೆಯವರ ಮಾತುಕತೆ, ವಾಟ್ಸಾಪ್ ಸಂದೇಶಗಳು ಆರೋಪಿಯ ಪರವಾಗಿ ನಿಲ್ಲಬಹುದು. ಅವನು ಮೊದಲೇ ವಿವಾಹಿತನೆಂಬುದನ್ನು ಮುಚ್ಚಿಟ್ಟಿದ್ದರೆ ಅದೇ ಸಂದೇಶಗಳು ತಿರುಗುಬಾಣವಾಗುತ್ತವೆ.

ಆರೋಪಿಯ ಪರವಾಗಿ ನಿಲ್ಲುವ ಇನ್ನೊಂದು ವಾದ ಕಾಲಹರಣ. ಲೈಂಗಿಕ ಅಪರಾಧಗಳ ವಿಚಾರಣೆ ದೋಷಾರೋಪ ಪಟ್ಟಿ ಸಲ್ಲಿಕೆಯಾದ ಎರಡು ತಿಂಗಳಲ್ಲಿ ಮುಗಿಯಬೇಕೆಂದು ಕಾನೂನಿನಲ್ಲಿದೆ, ಪೋಕ್ಸೊ ವಿಚಾರಣೆ ಸಾಧ್ಯವಾದಷ್ಟೂ ಒಂದು ವರ್ಷದಲ್ಲಿ. ಆಚರಣೆಯಲ್ಲಿ ಏನಾಗುತ್ತದೆಂದು ಕೆಂಪೇಗೌಡ ರಸ್ತೆಯ ಕೋರ್ಟ್ ಸಂಕೀರ್ಣಕ್ಕೆ ವಾಯಿದೆಯಿಂದ ವಾಯಿದೆಗೆ ಅಲೆದವರಿಗೆ ಹೇಳಬೇಕಿಲ್ಲ. ಅಪರಾಧ ಎಷ್ಟೇ ಗಂಭೀರವಾಗಿದ್ದರೂ ಶೀಘ್ರ ವಿಚಾರಣೆ ಸಂವಿಧಾನದ 21ನೇ ವಿಧಿಯ ಹಕ್ಕೆಂದು ಸುಪ್ರೀಂ ಕೋರ್ಟ್ 2021ರ ನಜೀಬ್ ಮತ್ತು 2024ರ ಜಾವೇದ್ ಶೇಖ್ ಪ್ರಕರಣಗಳಲ್ಲಿ ಹೇಳಿದೆ. ಇನ್ನೊಂದೆಡೆ 2024ರ ನವೆಂಬರ್‌ನಲ್ಲಿ, ರಾಜಸ್ಥಾನದ ಪ್ರಕರಣವೊಂದರಲ್ಲಿ ಅದೇ ನ್ಯಾಯಾಲಯ, ಅತ್ಯಾಚಾರ, ಕೊಲೆಯಂಥ ಗಂಭೀರ ಪ್ರಕರಣಗಳಲ್ಲಿ ಸಾಕ್ಷಿ ವಿಚಾರಣೆ ಶುರುವಾದ ಮೇಲೆ ಜಾಮೀನು ಅರ್ಜಿಗಳನ್ನು ಪುರಸ್ಕರಿಸಲು ಸಾಮಾನ್ಯವಾಗಿ ಹಿಂಜರಿಯಬೇಕೆಂದೂ ಸಂತ್ರಸ್ತೆಯ ಸಾಕ್ಷ್ಯದ ಸಣ್ಣಪುಟ್ಟ ವ್ಯತ್ಯಾಸ ಹಿಡಿದು ಜಾಮೀನು ಕೊಡುವುದು ಸರಿಯಲ್ಲವೆಂದೂ ಹೇಳಿತು. ಈ ಎರಡು ಧಾರೆಗಳ ನಡುವೆ ನ್ಯಾಯಾಧೀಶರಿಗೆ ಸಾಕಷ್ಟು ವಿವೇಚನೆ ಉಳಿಯುತ್ತದೆ. ಒಂದೇ ಬಗೆಯ ಪ್ರಕರಣದಲ್ಲಿ ಎರಡು ಪೀಠಗಳಿಂದ ಬೇರೆ ಬೇರೆ ಆದೇಶ ಬರುವುದಕ್ಕೆ ಇದೂ ಒಂದು ಕಾರಣ. ವಿಳಂಬಕ್ಕೆ ಯಾರು ಹೊಣೆ ಎಂಬುದನ್ನು ವಾಯಿದೆಗಳ ಹಾಳೆಯಿಂದಲೇ ತೋರಿಸುವುದು ಎರಡೂ ಕಡೆಯ ವಕೀಲರಿಗೆ ಒಳ್ಳೆಯ ಅಸ್ತ್ರ.

ತೂಗಬಾರದ್ದೂ ಇದೆ. 2020ರ ಜೂನ್‌ನಲ್ಲಿ ಕರ್ನಾಟಕ ಹೈಕೋರ್ಟ್ ನಿರೀಕ್ಷಣಾ ಜಾಮೀನು ಆದೇಶವೊಂದರಲ್ಲಿ, ಕೃತ್ಯದ ನಂತರ ದಣಿದು ನಿದ್ದೆಹೋದೆನೆಂಬ ದೂರುದಾರಳ ವಿವರಣೆ ಭಾರತೀಯ ಮಹಿಳೆಗೆ ತಕ್ಕುದಲ್ಲವೆಂಬ ಅರ್ಥದ ಮಾತು ಬರೆದಿತ್ತು. ತೀವ್ರ ಟೀಕೆ ಬಂದ ಮೇಲೆ, ಸರ್ಕಾರದ ಅರ್ಜಿಯ ಮೇರೆಗೆ ಕೆಲವೇ ದಿನಗಳಲ್ಲಿ ಆ ಸಾಲುಗಳನ್ನು ಕಡತದಿಂದ ತೆಗೆಯಲಾಯಿತು. ಸುಪ್ರೀಂ ಕೋರ್ಟ್ 2021ರ ಮಾರ್ಚ್ 18ರ ಅಪರ್ಣಾ ಭಟ್ ತೀರ್ಪಿನಲ್ಲಿ ಸಂತ್ರಸ್ತೆಯ ಉಡುಗೆ, ನಡತೆ, ಹಿಂದಿನ ಬದುಕಿನ ಬಗ್ಗೆ ಜಾಮೀನು ಆದೇಶಗಳಲ್ಲಿ ಬರೆಯಕೂಡದೆಂದು ನಿರ್ದೇಶಿಸಿತು. ರಾಜಿಯಾಗಲು, ಮದುವೆಯಾಗಲು ಸೂಚಿಸುವುದನ್ನೂ ನಿಷೇಧಿಸಿತು.

ಆರನೇ ಹಂತ: ವಿಚಾರಣೆಯಲ್ಲಿ ಸಂತ್ರಸ್ತೆಯ ಜಾಗ

ಹಿಂದೆ ಜಾಮೀನು ಆರೋಪಿ ಮತ್ತು ಸರ್ಕಾರದ ನಡುವಿನ ವ್ಯವಹಾರವಾಗಿತ್ತು. ಈಗ ಹಾಗಿಲ್ಲ. ನಾಗರಿಕ ಸುರಕ್ಷಾ ಸಂಹಿತೆಯ 483(2) ಪ್ರಕಾರ ನ್ಯಾಯ ಸಂಹಿತೆಯ 65ನೇ ಕಲಂ ಮತ್ತು 70(2) ಕಲಮಿನ ಪ್ರಕರಣಗಳಲ್ಲಿ ದೂರುದಾರರು ಅಥವಾ ಅವರು ಅಧಿಕಾರ ಕೊಟ್ಟವರು ಜಾಮೀನು ವಿಚಾರಣೆಯಲ್ಲಿ ಹಾಜರಿರುವುದು ಕಡ್ಡಾಯ. ಉಳಿದ ಪ್ರಕರಣಗಳಲ್ಲೂ ಸಂತ್ರಸ್ತರಿಗೆ ಪ್ರತಿ ಹಂತದಲ್ಲಿ ಮಾತಾಡುವ ಹಕ್ಕಿದೆಯೆಂದು 2022ರ ಲಖೀಂಪುರ ಖೇರಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಪೋಕ್ಸೊ ನಿಯಮಗಳು ಆರೋಪಿಯ ಜಾಮೀನು, ಬಿಡುಗಡೆಯ ಮಾಹಿತಿಯನ್ನು ಮಗುವಿಗೂ ಪೋಷಕರಿಗೂ ತಿಳಿಸುವ ಹೊಣೆಯನ್ನು ಪೊಲೀಸರಿಗೆ ಹೊರಿಸಿವೆ, ಪೋಕ್ಸೊ ಕಾಯ್ದೆಯ 40ನೇ ಕಲಂ ಮಗುವಿನ ಕುಟುಂಬಕ್ಕೆ ತಮ್ಮ ವಕೀಲರ ನೆರವು ಪಡೆಯುವ ಹಕ್ಕು ಕೊಟ್ಟಿದೆ.

ಹಾಜರಿರುವುದೆಂದರೆ ಮಗುವನ್ನು ಕೋರ್ಟಿಗೆ ಕರೆತಂದು ಆರೋಪಿಯೆದುರು ನಿಲ್ಲಿಸುವುದಲ್ಲ. ತಾಯಿಯೋ ವಕೀಲರೋ ಬಂದರೆ ಸಾಕು. ಬಂದಾಗ ಬರಿಗೈಯಲ್ಲಿ ಬರಬೇಡಿ. ಎರಡು ಪುಟದ ಲಿಖಿತ ಆಕ್ಷೇಪಣೆ ಭಾವುಕ ಮಾತಿಗಿಂತ ಹೆಚ್ಚು ಕೆಲಸ ಮಾಡುತ್ತದೆ. ಅದರಲ್ಲಿ ಅಪರಾಧದ ವರ್ಣನೆಯನ್ನು ಮತ್ತೆ ಬರೆಯುವ ಅಗತ್ಯವಿಲ್ಲ, ಅದು ಕಡತದಲ್ಲಿದೆ. ಕಡತದಲ್ಲಿ ಇಲ್ಲದ್ದನ್ನು ಬರೆಯಿರಿ: ಆರೋಪಿಯ ಮನೆಗೂ ನಿಮ್ಮ ಮನೆಗೂ ಇರುವ ಅಂತರ, ರಾಜಿಗೆ ಬಂದವರು ಯಾರು ಯಾವ ದಿನ, ಬೆದರಿಕೆಯ ಕರೆ ಬಂದ ಸಂಖ್ಯೆ ಮತ್ತು ಸಮಯ, ಮಗು ಓದುವ ಶಾಲೆಯ ಹಾದಿ, ಆರೋಪಿ ಮನೆಯ ಮಾಲೀಕನೋ ಮೇಸ್ತ್ರಿಯೋ ಆಗಿದ್ದರೆ ಆ ಅವಲಂಬನೆ. ಬೆದರಿಕೆಯಿದ್ದರೆ ಠಾಣೆಗೆ ಬೇರೆ ದೂರು ಕೊಟ್ಟು ಅದರ ಸ್ವೀಕೃತಿಯನ್ನು ಲಗತ್ತಿಸಿ. 2018ರ ಸಾಕ್ಷಿ ಸಂರಕ್ಷಣಾ ಯೋಜನೆಯಡಿ ರಕ್ಷಣೆಗೂ ಅರ್ಜಿ ಹಾಕಬಹುದು.

ವಕೀಲರಿಗೆ ಕೊಡಲು ಹಣವಿಲ್ಲದಿದ್ದರೆ ಕಾನೂನು ಸೇವಾ ಪ್ರಾಧಿಕಾರ ಉಚಿತವಾಗಿ ವಕೀಲರನ್ನು ಒದಗಿಸುತ್ತದೆ. ಮಹಿಳೆಯರಿಗೂ ಮಕ್ಕಳಿಗೂ ಆದಾಯದ ಮಿತಿಯಿಲ್ಲ. ರಾಜ್ಯ ಪ್ರಾಧಿಕಾರದ ಕಚೇರಿ ಸಿದ್ದಯ್ಯ ರಸ್ತೆಯ ನ್ಯಾಯ ದೇಗುಲದಲ್ಲಿದೆ, ಸಹಾಯವಾಣಿ 15100. ಬಂಧನದಲ್ಲಿರುವ ಆರೋಪಿಗೂ ಇದೇ ಪ್ರಾಧಿಕಾರದಿಂದ ಉಚಿತ ವಕೀಲರು ಸಿಗುತ್ತಾರೆಂಬುದನ್ನು ಅವನ ಮನೆಯವರೂ ತಿಳಿದಿರಲಿ. ಯಾವ ಅರ್ಜಿಯಲ್ಲೂ ಸಂತ್ರಸ್ತೆಯ ಹೆಸರು, ವಿಳಾಸ, ಶಾಲೆಯ ಹೆಸರು ಹೊರಗೆ ಹೋಗದಂತೆ ನೋಡಿಕೊಳ್ಳಬೇಕು. ಆದೇಶದ ಫೋಟೊ ತೆಗೆದು ವಾಟ್ಸಾಪ್ ಗುಂಪಿಗೆ ಹಾಕಿ ಆಕೆಯ ಗುರುತು ಬಯಲಾದರೆ ಅದು ನ್ಯಾಯ ಸಂಹಿತೆಯ 72ನೇ ಕಲಮಿನಡಿ ಎರಡು ವರ್ಷದವರೆಗಿನ ಶಿಕ್ಷೆಯ ಅಪರಾಧ.

ಏಳನೇ ಹಂತ: ಆದೇಶವನ್ನು ಓದುವುದು

ಒಳ್ಳೆಯ ಜಾಮೀನು ಆದೇಶ ಚಿಕ್ಕದಾಗಿರುತ್ತದೆ, ಆದರೆ ಕಾರಣ ಹೇಳುತ್ತದೆ. ಕಾರಣವೇ ಇಲ್ಲದೆ ಸಂದರ್ಭ ಸನ್ನಿವೇಶಗಳನ್ನು ಪರಿಗಣಿಸಿ ಎಂದಷ್ಟೇ ಬರೆದ ಆದೇಶಗಳನ್ನು ಮೇಲಿನ ನ್ಯಾಯಾಲಯಗಳು ಒಪ್ಪುವುದಿಲ್ಲ. ಸಾಕ್ಷ್ಯವನ್ನೆಲ್ಲ ಅಗೆದು ನೋಡಿ ಅರ್ಧ ತೀರ್ಪನ್ನೇ ಬರೆದುಬಿಡುವುದೂ ಅಷ್ಟೇ ತಪ್ಪು. ಬೆಂಗಳೂರಿನ ರೇಣುಕಸ್ವಾಮಿ ಕೊಲೆ ಪ್ರಕರಣದಲ್ಲಿ ನಟ ದರ್ಶನ್ ಅವರಿಗೆ ಹೈಕೋರ್ಟ್ ಕೊಟ್ಟಿದ್ದ ಜಾಮೀನನ್ನು 2025ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ರದ್ದುಪಡಿಸಿದಾಗ ಇಂಥ ಟೀಕೆಯೂ ಅದರಲ್ಲಿ ಸೇರಿತ್ತು. ಅದು ಲೈಂಗಿಕ ಅಪರಾಧದ ಪ್ರಕರಣವಲ್ಲ, ಆದರೆ ತತ್ತ್ವ ಒಂದೇ.

ಷರತ್ತುಗಳ ಭಾಗವನ್ನು ಸಾಲುಸಾಲಾಗಿ ಓದಬೇಕು. ವಾಯಿದೆಗೆ ತಪ್ಪದೆ ಹಾಜರಾಗುವುದು, ಅಂಥದೇ ಅಪರಾಧ ಮಾಡದಿರುವುದು, ಸಾಕ್ಷಿಗಳಿಗೆ ಆಮಿಷ ಬೆದರಿಕೆ ಒಡ್ಡದಿರುವುದು ಮಾಮೂಲಿ ಷರತ್ತುಗಳು. ಸಂತ್ರಸ್ತೆಯನ್ನು ನೇರವಾಗಿಯಾಗಲಿ ಬೇರೆಯವರ ಮೂಲಕವಾಗಲಿ, ಫೋನಿನಲ್ಲಾಗಲಿ ಸಾಮಾಜಿಕ ಜಾಲತಾಣದಲ್ಲಾಗಲಿ ಸಂಪರ್ಕಿಸಬಾರದು ಎಂದು ಬಿಡಿಸಿ ಬರೆದಿದೆಯೇ? ಆಕೆ ವಾಸಿಸುವ ಬಡಾವಣೆಗೆ, ಜಿಲ್ಲೆಗೆ ಕಾಲಿಡಬಾರದೆಂದು ಇದೆಯೇ? ಮುರುಘಾ ಶರಣರ ಜಾಮೀನಿನಲ್ಲಿ ಚಿತ್ರದುರ್ಗ ಜಿಲ್ಲೆಗೆ ಹೋಗಬಾರದೆಂಬ ಷರತ್ತಿತ್ತು. ಇಂಥದು ಬೇಕೆಂದು ವಾದದ ಸಮಯದಲ್ಲೇ ಕೇಳಬೇಕು. ಜಾಮೀನೇ ಬೇಡವೆಂದು ಮಾತ್ರ ವಾದಿಸಿ, ಕೊಡುವುದಾದರೆ ಈ ಷರತ್ತುಗಳಿರಲಿ ಎಂದು ಕೇಳದೆ ಬಿಡುವುದು ಸಂತ್ರಸ್ತೆಯ ಕಡೆಯವರಲ್ಲಿ ಪದೇ ಪದೇ ಕಾಣುವ ಕೊರತೆ.

ಕೆಲವು ಷರತ್ತುಗಳನ್ನು ಹಾಕುವಂತೆಯೇ ಇಲ್ಲ. ಆರೋಪಿ ಸಿಹಿ ತೆಗೆದುಕೊಂಡು ಸಂತ್ರಸ್ತೆಯ ಮನೆಗೆ ಹೋಗಿ ರಾಖಿ ಕಟ್ಟಿಸಿಕೊಳ್ಳಬೇಕೆಂದು ಮಧ್ಯಪ್ರದೇಶ ಹೈಕೋರ್ಟ್ 2020ರಲ್ಲಿ ಹಾಕಿದ್ದ ಷರತ್ತನ್ನೇ ಅಪರ್ಣಾ ಭಟ್ ತೀರ್ಪು ತೆಗೆದುಹಾಕಿದ್ದು; ಆರೋಪಿ ಮತ್ತು ಸಂತ್ರಸ್ತೆ ಮುಖಾಮುಖಿಯಾಗುವ ಯಾವ ಷರತ್ತೂ ಸಲ್ಲದು. ಜಾಮೀನು ಸಿಕ್ಕ ಕೂಡಲೇ ದೂರುದಾರಳಿಗೆ ತಿಳಿಸಬೇಕು, ಎರಡು ದಿನಗಳೊಳಗೆ ಆದೇಶದ ಪ್ರತಿ ಕೊಡಬೇಕು ಎಂಬುದೂ ಅದೇ ತೀರ್ಪಿನಲ್ಲಿದೆ. ಪ್ರತಿ ಬರದಿದ್ದರೆ ಕಾಯುತ್ತಾ ಕೂರದೆ ಠಾಣೆಯಲ್ಲಿ ಕೇಳಿ ಪಡೆಯಿರಿ.

ಆರೋಪಿಯ ಕಡೆಯವರಿಗೆ ಆದೇಶ ಬಂದ ಮೇಲೂ ಕೆಲಸ ಬಾಕಿಯಿರುತ್ತದೆ. ಮುಚ್ಚಳಿಕೆ ಬರೆದುಕೊಡಬೇಕು, ಶ್ಯೂರಿಟಿ ನಿಲ್ಲುವವರು ಪಹಣಿ ಅಥವಾ ಖಾತಾ, ತೆರಿಗೆ ರಸೀದಿ, ಗುರುತಿನ ಚೀಟಿಗಳೊಂದಿಗೆ ನ್ಯಾಯಾಲಯದಲ್ಲಿ ಹಾಜರಾಗಬೇಕು. ಆದೇಶದ ಇ-ಪ್ರತಿಯನ್ನು ಅದೇ ದಿನ ಅಥವಾ ಮರುದಿನ ಜೈಲಿಗೆ ಕಳಿಸಬೇಕೆಂದು 2023ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ನಿರ್ದೇಶಿಸಿದೆ. ಏಳು ದಿನವಾದರೂ ಬಿಡುಗಡೆಯಾಗದಿದ್ದರೆ ಜೈಲಿನ ಅಧೀಕ್ಷಕರು ಕಾನೂನು ಸೇವಾ ಪ್ರಾಧಿಕಾರಕ್ಕೆ ತಿಳಿಸಬೇಕು.

ಎಂಟನೇ ಹಂತ: ಜಾಮೀನಿನ ನಂತರ

ರದ್ದತಿಗೆ ಎರಡು ದಾರಿಗಳಿವೆ, ಅವನ್ನು ಒಂದೇ ಅರ್ಜಿಯಲ್ಲಿ ಕಲಸಬಾರದು. ಆದೇಶವೇ ತಪ್ಪು, ಮುಖ್ಯ ಸಾಕ್ಷ್ಯವನ್ನು ನೋಡಿಯೇ ಇಲ್ಲ ಎನ್ನುವುದಾದರೆ ಮೇಲಿನ ನ್ಯಾಯಾಲಯದಲ್ಲಿ ಆದೇಶವನ್ನು ಪ್ರಶ್ನಿಸಬೇಕು; ಅದಕ್ಕೆ ಆರೋಪಿ ಷರತ್ತು ಮುರಿದಿರಬೇಕಾಗಿಲ್ಲ. ಆದೇಶ ಸರಿಯಿದ್ದು ಆಮೇಲೆ ಅವನು ಬೆದರಿಸಿದ, ಹಿಂಬಾಲಿಸಿದ, ವಾಯಿದೆ ತಪ್ಪಿಸಿದ ಎನ್ನುವುದಾದರೆ 483(3) ಕಲಮಿನಡಿ ರದ್ದತಿ ಕೇಳಬೇಕು, ಅದಕ್ಕೆ ನಂತರದ ಘಟನೆಯ ಪುರಾವೆ ಬೇಕು. ಕೊಟ್ಟ ಜಾಮೀನನ್ನು ಕಸಿಯಲು, ಕೊಡದಿರಲು ಬೇಕಾದುದಕ್ಕಿಂತ ಬಲವಾದ ಕಾರಣ ಬೇಕೆಂಬುದು 1995ರ ದೌಲತ್ ರಾಮ್ ಪ್ರಕರಣದಿಂದ ಬಂದ ನಿಯಮ.

ಷರತ್ತಿನ ಉಲ್ಲಂಘನೆ ಎಂದರೆ ಮನೆಗೆ ನುಗ್ಗಿ ಹೆದರಿಸುವುದೇ ಆಗಬೇಕಿಲ್ಲ. ಮಧ್ಯಪ್ರದೇಶದ ವಿದ್ಯಾರ್ಥಿ ನಾಯಕನೊಬ್ಬ ಅತ್ಯಾಚಾರ ಪ್ರಕರಣದಲ್ಲಿ ಜಾಮೀನು ಪಡೆದು ಬಂದಾಗ ಅಣ್ಣ ಮರಳಿ ಬಂದ ಎಂಬ ಅರ್ಥದ ಸ್ವಾಗತ ಪೋಸ್ಟರ್‌ಗಳು ಸಾಮಾಜಿಕ ಜಾಲತಾಣದಲ್ಲಿ ಹರಿದಾಡಿದವು. 2022ರ ಮೇನಲ್ಲಿ ಸುಪ್ರೀಂ ಕೋರ್ಟ್ ಆ ಜಾಮೀನನ್ನು ರದ್ದುಪಡಿಸಿತು, ಆ ಸಂಭ್ರಮ ಸಂತ್ರಸ್ತೆಯ ಮನಸ್ಸಿನಲ್ಲಿ ಮೂಡಿಸಿದ ಭಯವೂ ಅದಕ್ಕೆ ಒಂದು ಕಾರಣವಾಗಿತ್ತು. ಪರಪ್ಪನ ಅಗ್ರಹಾರದ ಗೇಟಿನ ಹೊರಗೆ ಹಾರ ಪಟಾಕಿ ಹಿಡಿದು ಕಾಯುವ ಗೆಳೆಯರಿಗೆ ಆರೋಪಿಯ ವಕೀಲರೇ ಈ ಆದೇಶವನ್ನು ಓದಿ ಹೇಳುವುದು ವಾಸಿ. ಸಂತ್ರಸ್ತೆಯ ಕಡೆಯವರು ಇಂಥ ಪೋಸ್ಟ್, ಸಂದೇಶ, ಕರೆಗಳನ್ನು ದಿನಾಂಕ ಕಾಣುವಂತೆ ಉಳಿಸಿಕೊಳ್ಳಬೇಕು, ಉತ್ತರ ಕೊಡಬಾರದು, ತನಿಖಾಧಿಕಾರಿಗೆ ಲಿಖಿತವಾಗಿ ಕೊಟ್ಟು ಸ್ವೀಕೃತಿ ಪಡೆಯಬೇಕು.

ಜಾಮೀನು ತಿರಸ್ಕೃತವಾದವರು ಮತ್ತೆ ಅರ್ಜಿ ಹಾಕಬಹುದು, ಆದರೆ ಪರಿಸ್ಥಿತಿಯಲ್ಲಿ ನಿಜವಾದ ಬದಲಾವಣೆ ತೋರಿಸಬೇಕು: ದೋಷಾರೋಪ ಪಟ್ಟಿ ಸಲ್ಲಿಕೆಯಾಗಿದೆ, ಸಂತ್ರಸ್ತೆಯ ಸಾಕ್ಷ್ಯ ಮುಗಿದಿದೆ, ವಿಚಾರಣೆ ವರ್ಷಗಟ್ಟಲೆ ನಿಂತಿದೆ ಎಂಬಂಥದ್ದು. ಹಿಂದಿನ ಅರ್ಜಿಗಳನ್ನು ಮುಚ್ಚಿಟ್ಟರೆ ಅದೊಂದೇ ಕಾರಣಕ್ಕೆ ಹೊಸದು ಬೀಳಬಹುದು. ಸಂತ್ರಸ್ತೆಯ ಮನೆಯವರು ಮೊದಲ ಗೆಲುವಿನ ನಂತರ ಕೋರ್ಟಿನತ್ತ ತಿರುಗಿ ನೋಡದಿರುವುದರಿಂದ ಎರಡನೇ ಅರ್ಜಿಗೆ ಆಕ್ಷೇಪಣೆಯೇ ಇಲ್ಲದೆ ಹೋಗುವುದುಂಟು. ಪ್ರಕರಣದ ಸಿಎನ್‌ಆರ್ ಸಂಖ್ಯೆಯನ್ನು (ಪ್ರತಿ ಪ್ರಕರಣಕ್ಕೂ ಇರುವ ಪ್ರತ್ಯೇಕ ಗುರುತಿನ ಸಂಖ್ಯೆ) ಬರೆದಿಟ್ಟುಕೊಂಡು ಇ-ಕೋರ್ಟ್ಸ್ ಆ್ಯಪಿನಲ್ಲಿ ಮುಂದಿನ ವಾಯಿದೆಯನ್ನು ನೋಡುತ್ತಿರುವುದು, ಹೊಸ ಅರ್ಜಿ ಬಂದರೆ ತಿಳಿಸಬೇಕೆಂದು ಸರ್ಕಾರಿ ಅಭಿಯೋಜಕರ ಕಚೇರಿಗೆ ಫೋನ್ ಸಂಖ್ಯೆಯೊಂದಿಗೆ ಒಂದು ಪತ್ರ ಕೊಟ್ಟಿಡುವುದು ಇದಕ್ಕೆ ಸಾಕಾಗುತ್ತದೆ.